ಕ್ವಾಪಿಲೋವಾ ಮೇಡಂಗೆ ಬೀಳ್ಕೊಡುಗೆ

೧೪ ಅಕ್ಟೋಬರ್ ೨೦೦೩, ಮಂಗಳವಾರ. ಓಸ್ತ್ರಾವಾ.

ನಿದ್ದೆ ಬರುತ್ತಿಲ್ಲ. ನಾನು ಬೆಳೆದ ಬಾಲಮಂದಿರದ ಮೇಲ್ವಿಚಾರಕಿ ಕ್ವಾಪಿಲೋವಾಗೆ ಇವತ್ತು ಬೀಳ್ಕೊಡುಗೆ. ಜನ ಜಿಪ್ಸಿಗಳೆಂದು ಹೀಗಳೆಯುವ ರೋಮಾ ಜನಾಂಗದಿಂದ ಬಂದು ಉದ್ಧಾರವಾದ ಹುಡುಗಿ ಎಂದು ನಾಲ್ಕು ಒಳ್ಳೆಯ ಮಾತಾಡಲು ನನ್ನನ್ನು ಕರೆದಿದ್ದರು. ಹೋದ ವರ್ಷವಷ್ಟೇ ಸಿಕ್ಕ ಅಮ್ಮನನ್ನೂ ಕರೆದುಕೊಂಡು ಹೋದೆ.

ಮೈಕು ಹಿಡಿದು ಕೇಳಿದೆ: "ಮೇಡಂ, 'ನಿಮ್ಮಮ್ಮ ನಿನ್ನ ಬಿಟ್ಟು ಓಡಿಹೋದ್ಲು, ಜಿಪ್ಸಿಗಳ ಬುದ್ಧಿನೇ ಅಷ್ಟು' ಅಂತಿದ್ರಲ್ಲ? ಅವಳು ಪ್ರತಿ ಭಾನುವಾರ ಗೇಟಿಗೆ ಬರ್ತಿದ್ಲು. ನೀವೇ ಓಡಿಸ್ತಿದ್ರಿ. ಅಗೋ, ಹಿಂದಿನ ಸಾಲಲ್ಲಿ ಕೂತಿದಾಳೆ. ಈಗ ಅವಳ ಮುಂದೆ ಹೇಳಿ."

ಮುದುಕಿ ಬಿಳಿಚಿಕೊಂಡಳು. "ಎಲ್ಲಾ ನಿನ್ನ ಒಳ್ಳೇದಕ್ಕೇ ಮಾಡಿದ್ದು, ಗಿಜೆಲಾ."

ಅಮ್ಮ ಎದ್ದು ನಿಂತಳು. "ನನ್ನ ಮಗು ಅತ್ತಾಗ ಯಾರು ಎತ್ಕೊಳ್ತಿದ್ರು? ಅದನ್ನಾದ್ರೂ ಹೇಳಮ್ಮ."

ಕ್ವಾಪಿಲೋವಾ ಮುಖ ಮುಚ್ಚಿಕೊಂಡು ಅಳತೊಡಗಿದಳು. ಹೂಗುಚ್ಛ ತಂದಿದ್ದವರು ಮೆಲ್ಲಗೆ ಜಾರಿಕೊಂಡರು. ಒಬ್ಬಳೇ ಕೂತು ಅಳುತ್ತಿದ್ದವಳನ್ನು ಕಣ್ತುಂಬ ನೋಡಿದೆ. ಕರುಣೆ ಬರಲಿಲ್ಲ. ಅಮ್ಮನೇ ಕೈಹಿಡಿದು ಹೊರಗೆ ಎಳೆದಳು. ಇನ್ನೂ ಸ್ವಲ್ಪ ಹೊತ್ತು ನಿಲ್ಲಬೇಕಿತ್ತು, ಅವಳು ಇನ್ನೂ ಅಳುವುದನ್ನು ನೋಡಬೇಕಿತ್ತು.