ಇಪ್ಪತ್ತೊಂಬತ್ತನೆಯ ಫೋಟೊ

ಖರಾಡಿ, ಪುಣೆ
ಭಾನುವಾರ, 9 ನವೆಂಬರ್ 2025

ಪ್ರೀತಿಯ ತಮ್ಮ ಮಾಂತುವಿಗೆ ಅಕ್ಕ ಶಿವಕಾಂತಾಳ ಆಶೀರ್ವಾದಗಳು.

ಹೇಗಿದ್ದೀ? ಹೋದ ಚಳಿಗಾಲದಲ್ಲಿ ನಿನಗೆ ಸೊಂಟ ಹಿಡಿದಿತ್ತೆಂದು ಶೈಲಶ್ರೀ ಹೇಳಿದ್ದಳು. ಗುವಾಹಟಿಯಲ್ಲಿ ಈಗ ಮತ್ತೆ ಥಂಡಿ ಶುರುವಾಗಿರಬೇಕು. ಡ್ಯೂಟಿ ಮುಗಿದ ಮೇಲೆ ರೈಲು ಸ್ಟೇಶನ್ನಿನ ಕಲ್ಲು ಬೆಂಚಿನ ಮೇಲೆ ಕೂತು ಹರಟೆ ಹೊಡೆಯಬೇಡ, ಎಳ್ಳೆಣ್ಣೆ ಬಿಸಿ ಮಾಡಿ ತಿಕ್ಕಿಸಿಕೋ. ನೌಕರಿ ಇನ್ನೊಂದು ವರ್ಷ ಉಳಿದಿದೆಯಲ್ಲವೇ? ನಿನ್ನ ಹೆಂಡತಿ ನಮ್ಮಿಬ್ಬರಿಗಿಂತ ಶಾಣ್ಯಾಕಿ. ದೀಪಾವಳಿಗೆ ಫೋನು ಮಾಡುವವಳು ಅವಳೇ, ನೀನು ಹಿಂದೆ ನಿಂತು ಕೆಮ್ಮುವುದು ನನಗೆ ಕೇಳಿಸುತ್ತದೆ. ವರ್ಷಕ್ಕೊಮ್ಮೆ ಕೆಮ್ಮನ್ನಾದರೂ ಕಳಿಸುತ್ತೀಯಲ್ಲ, ಅಷ್ಟರ ಮಟ್ಟಿಗೆ ನೀನು ನಮ್ಮವನೇ.

ಈ ಕಾಲದಲ್ಲಿ ಯಾರಾದರೂ ಕಾಗದ ಬರೆಯುತ್ತಾರೆಯೇ ಎಂದು ನಗಬೇಡ. ಫೋನಿನ ಮೇಲೆ ನನಗೆ ನಂಬಿಕೆಯಿಲ್ಲ. ಫೋನಿಗಿಂತ ಹೆಚ್ಚಾಗಿ, ಫೋನು ಹಿಡಿದಾಗ ನನ್ನ ಬಾಯಿಯ ಮೇಲೆ ನನಗೆ ನಂಬಿಕೆಯಿಲ್ಲ. ಅಲ್ಲದೆ ಈ ಲಕೋಟೆಯಲ್ಲಿ ಒಂದು ಫೋಟೊ ಇದೆ. ಕಾಗದ ಪೂರ್ತಿ ಓದಿದ ಮೇಲೆ ಅದನ್ನು ನೋಡು ಎಂದು ಬರೆಯಬೇಕೆಂದಿದ್ದೆ. ಆದರೆ ನೀನು ಮೊದಲೇ ನೋಡಿರುತ್ತೀ ಬಿಡು, ಚಿಕ್ಕಂದಿನಿಂದಲೂ ನಿನಗೆ ತಡೆಯೆಂಬುದಿಲ್ಲ.

ಮೊದಲು ಅಪ್ಪನ ವಿಷಯ. ಅವರಿಗೆ ಎಂಬತ್ತಾರು ತುಂಬಿತು. ಕಿಡ್ನಿ ಕೈಕೊಟ್ಟಿದೆ, ಆಗಸ್ಟ್‌ನಿಂದ ಊಟವೆಂದರೆ ಎರಡು ತುತ್ತು, ಮಜ್ಜಿಗೆ. ಮೊನ್ನೆ ಮಂಗಳವಾರ ಡಾಕ್ಟರು ನನ್ನನ್ನು ಹೊರಗೆ ಕರೆದು, "ಕೊಣಾಲಾ ಬೋಲವಾಯಚಂ ಅಸೇಲ ತರ ಬೋಲವೂನ ಘ್ಯಾ" ಎಂದು ಮೆಲ್ಲಗೆ ಅಂದರು. ಕರೆಯಬೇಕಾದವರಿದ್ದರೆ ಕರೆಸಿಕೊಳ್ಳಿ ಎಂದು. ನಮಗೆ ಕರೆಯಬೇಕಾದವನು ಒಬ್ಬನೇ ಇದ್ದಾನೆ. ಹತ್ತೊಂಬತ್ತು ವರ್ಷಗಳಿಂದ ಈ ಕಡೆ ತಲೆ ಹಾಕಿಲ್ಲ. ಅವನನ್ನು ಕರೆಯಲಿಕ್ಕೇ ಈ ಕಾಗದ.

ಇನ್ನು ಫೋಟೊದ ಮಾತು. ದೀಪಾವಳಿಗೆ ಮನೆ ಸ್ವಚ್ಛ ಮಾಡುವಾಗ ನನ್ನ ಮಗಳು ನೀತಾ ಅಪ್ಪನ ಟ್ರಂಕು ತೆಗೆದಳು. ನೀನು ಕಡೆಗೆ ಕಂಡಾಗ ಆರು ವರ್ಷದವಳು, ಈಗ ಇಲ್ಲೇ ಖರಾಡಿಯ ಆಫೀಸಿಗೆ ಹೋಗುತ್ತಾಳೆ. ಟ್ರಂಕಿನ ತಳದಲ್ಲಿ, ಹಳೆಯ ಸ್ವೆಟರಿನೊಳಗೆ ಅಪ್ಪನ ಕಪ್ಪು ಕ್ಯಾಮೆರಾ ಸಿಕ್ಕಿತು. ನೆನಪಿದೆಯಲ್ಲ? ದೇಹೂ ರೋಡಿನ ಮಿಲಿಟರಿ ಡಿಪೋದಲ್ಲಿ ಗುಮಾಸ್ತರಾಗಿದ್ದಾಗ ತಂದದ್ದು. ಅಂಗೈಯಷ್ಟಗಲ, ಮುಂದಿನ ಮುಚ್ಚಳ ಸರಿಸಿದರೆ ಲೆನ್ಸು ಕಣ್ಣು ಬಿಡುವುದು, ಫ್ಲಾಶು ತಯಾರಾಗುವಾಗ ಸೊಳ್ಳೆಯ ಹಾಗೆ ಗುಂಯ್ ಅನ್ನುವುದು. ಆ ಗುಂಯ್ ನಿಲ್ಲುವತನಕ ನಾವೆಲ್ಲ ಉಸಿರು ಬಿಗಿಹಿಡಿದು ನಿಲ್ಲುತ್ತಿದ್ದೆವು. ನೀತಾ ಹಿಗ್ಗಿ ಹೀರೆಕಾಯಿಯಾದಳು. ಈಗ ಇವಳ ವಾರಿಗೆಯವರಿಗೆ ಇಂಥ ಹಳೆಯ ಕ್ಯಾಮೆರಾಗಳ ಹುಚ್ಚು. ಫೋನಿನಲ್ಲಿ ಸಾವಿರ ಫೋಟೊ ತೆಗೆಯಬಲ್ಲವರು ಭಾನುವಾರ ಪೇಟೆಯೆಲ್ಲ ಸುತ್ತಿ ಮೂವತ್ತಾರೇ ಫೋಟೊ ತೆಗೆದು, ರೋಲು ತೊಳೆಸಲು ಕೊಟ್ಟು, ವಾರಗಟ್ಟಲೆ ಕಾಯುತ್ತಾರೆ. ಕಾಯುವುದರಲ್ಲೇ ಚಂದ ಇದೆಯಂತೆ. ಹಾಗಿದ್ದರೆ ನಮ್ಮ ಮನೆಯಷ್ಟು ಚಂದದ ಮನೆ ಪುಣೆಯಲ್ಲಿ ಇನ್ನೊಂದು ಇರಲಿಕ್ಕಿಲ್ಲ.

ಅವಳು ಕ್ಯಾಮೆರಾದ ಹಿಂದಿನ ಮುಚ್ಚಳಕ್ಕೆ ಉಗುರು ಹಾಕಿದ್ದನ್ನು ಕಂಡು, ಒಳಗಿನ ರೋಲಿಗೆ ಬೆಳಕು ಬಿದ್ದು ಹಾಳಾದೀತೆಂದು ನಾನು ಅಡಿಗೆಮನೆಯಿಂದಲೇ ಚೀರಿದೆ: "ತೆಗೀಬ್ಯಾಡ! ಒಳಗ ನಿಮ್ಮಜ್ಜಿ ಅದಾಳ!" ಹುಡುಗಿ ಬೆಚ್ಚಿಬಿದ್ದು ಕ್ಯಾಮೆರಾವನ್ನು ಮಡಿಲಿನಲ್ಲಿಟ್ಟುಕೊಂಡು ಕೂತಳು. ಮೇಲಿನ ಪುಟ್ಟ ಕಿಂಡಿಯಲ್ಲಿ ತೆಗೆದ ಫೋಟೊಗಳ ಅಂಕಿ ಹಾಗೇ ಇತ್ತು: ಇಪ್ಪತ್ತೊಂಬತ್ತು.

ಆ ಇಪ್ಪತ್ತೊಂಬತ್ತನೆಯದನ್ನು ತೆಗೆದವಳು ನಾನು. ಹತ್ತೊಂಬತ್ತು ವರ್ಷಗಳ ಹಿಂದೆ, ಏಪ್ರಿಲ್ ತಿಂಗಳಲ್ಲಿ ಅವ್ವ ತೀರಿಕೊಂಡ ದಿನ ಅವಳಿಗೆ ಸ್ನಾನ ಮಾಡಿಸಿ, ವಿಭೂತಿ ಹಚ್ಚಿ, ಇಳಕಲ್ ಸೀರೆ ಉಡಿಸಿ ಗೋಡೆಗೆ ಆನಿಸಿ ಕೂಡಿಸಿದ್ದೆವು. ಮಣ್ಣಿಗೆ ಒಯ್ಯುವ ಮೊದಲು ಮನೆಯವರೆಲ್ಲ ಅಕ್ಕಪಕ್ಕ ಕೂತು ಕಡೆಯ ಫೋಟೊ ತೆಗೆಸಿಕೊಳ್ಳುವುದು ನಮ್ಮ ಮಂದಿಯ ಪದ್ಧತಿ. ಅಪ್ಪ ಅವ್ವನ ಎಡಕ್ಕೆ ಕೂಡಬೇಕಾದ್ದರಿಂದ ಕ್ಯಾಮೆರಾ ನನ್ನ ಕೈಗೆ ಬಂತು. ಈರಬಸಪ್ಪ ಕಾಕಾ ಅವ್ವನ ಬಲಕ್ಕೆ ಕೂಡಲು ಹೋದರು. ಅಪ್ಪ ಕೈ ಅಡ್ಡ ಹಿಡಿದರು. "ಅಲ್ಲಿ ಬ್ಯಾಡ ಈರಬಸು. ಅದು ಮಾಂತೂನ ಜಾಗಾ." ತಾವೇ ಎದ್ದು ಅಡಿಗೆಮನೆಯಿಂದ ಒಂದು ಮಣೆ ತಂದು ಅಲ್ಲಿಟ್ಟು, ಮತ್ತೆ ಹೋಗಿ ಎಡಕ್ಕೆ ಕೂತರು. ಆ ಖಾಲಿ ಮಣೆಯನ್ನು ನನ್ನ ಕೈಲಿ ನೋಡಲಾಗಲಿಲ್ಲ. ಕಿಂಡಿಗೆ ಕಣ್ಣು ಹಚ್ಚಿ, ಕ್ಯಾಮೆರಾವನ್ನು ಸ್ವಲ್ಪ ಹೊರಳಿಸಿ, ಮಣೆ ಕಾಣದ ಹಾಗೆ ಮಾಡಿಕೊಂಡು ಗುಂಡಿ ಒತ್ತಿದೆ. ಮಣೆ ಇಟ್ಟ ಸಂಗತಿ ನಿನಗೆ ಯಾರೂ ಹೇಳಿರಲಿಕ್ಕಿಲ್ಲ. ಹೇಳಬೇಕಾದವಳು ನಾನೇ ಹೇಳಲಿಲ್ಲ.

ಮರುದಿನ ಸಂಜೆ ನೀನು ಬಂದೆ. ಎಲ್ಲ ಮುಗಿದಿತ್ತು. ಬಾಗಿಲಲ್ಲಿ ಚೀಲ ಹಿಡಿದು ನಿಂತು ನೀನು ಅಂದದ್ದು ನನಗೆ ಇವತ್ತಿಗೂ ಕಿವಿಯಲ್ಲಿದೆ: "ಒಂದ ದಿನ ನನ್ನ ದಾರಿ ನೋಡೂದು ಆಗಲಿಲ್ಲೇನ್ರಿ ಅಪ್ಪಾ? ಒಂದ ಹಿಡಿ ಮಣ್ಣ ಹಾಕೂದೂ ನನಗ ಇರಲಿಲ್ಲೇನ್ರಿ?" ಅಪ್ಪ ನಿನ್ನ ಮುಖವನ್ನೇ ನೋಡಿದರು. ಕಡೆಯ ಫೋಟೊವನ್ನಾದರೂ ತೊಳೆಸಿ ಕೊಡಿರೆಂದು ನೀನು ಕೇಳಿದೆ. "ರೋಲು ಮುಗದಿಲ್ಲ" ಅಂದರು. ನಿನಗೆ ಅದು ಹಟ ಅನಿಸಿತು. ಆದರೆ ನಮ್ಮ ಮನೆಯಲ್ಲಿ ಮೂವತ್ತಾರೂ ಮುಗಿಯದೆ ರೋಲು ತೊಳೆಸಿದ್ದನ್ನು ನೀನು ಎಂದಾದರೂ ಕಂಡಿದ್ದೀಯಾ? ಎರಡು ಪಂಚಮಿ, ಒಂದು ಬಸುರಿಯ ಕುಬುಸ, ನಿನ್ನ ಪಾಸಾದ ಪೇಢೆ, ಎಲ್ಲ ಒಂದೇ ರೋಲಿನಲ್ಲಿ. ಉಳಿದ ಏಳನ್ನು ಮುಗಿಸೋಣವೆಂದರೆ, ಮಣ್ಣಿನ ಫೋಟೊದ ಹಿಂದೆ ಯಾವ ಶುಭದ ಫೋಟೊ ತೆಗೆಯುವುದು? ಅಪ್ಪನಿಗೆ ಮನಸ್ಸು ಬರಲಿಲ್ಲ, ನಮಗೂ ಬರಲಿಲ್ಲ. ದಿನಗಳ ಕಾರ್ಯ ಮುಗಿಸಿ ನೀನು ಹೊರಟುಹೋದೆ. ಕ್ಯಾಮೆರಾ ಟ್ರಂಕು ಸೇರಿತು. ಆ ವಾರವೇ ಅಪ್ಪ ಅದರ ಎರಡೂ ಪೆನ್ಸಿಲ್ ಸೆಲ್ಲು ತೆಗೆದು ಟಿವಿ ರಿಮೋಟಿಗೆ ಹಾಕಿದರು. ಆ ಜಿಪುಣತನವೇ ಅದನ್ನು ಉಳಿಸಿತು. ಒಳಗೇ ಬಿಟ್ಟಿದ್ದರೆ ಸೋರಿ ತಿಂದುಹಾಕುತ್ತಿದ್ದವು ಎಂದು ನೀತಾ ಹೇಳಿದಳು.

ಈ ಸಲ ರೋಲು ತೊಳೆಸಲೇ ಎಂದು ಅಪ್ಪನನ್ನು ಕೇಳಿದೆ. "ತೊಳಸು. ಕಣ್ಣ ಇರೂದರಾಗ ನೋಡೂನು" ಅಂದರು. ನೀತಾ ಹೊಸ ಸೆಲ್ಲು ಹಾಕಿ ತಳದ ಗುಂಡಿಯನ್ನು ಸೂಜಿಯಿಂದ ಒತ್ತಿದಳು. ರೋಲು ಕಿರ್‌ರ್ ಎಂದು ತಿರುಗಿ ಒಳಗೆ ಸುತ್ತಿಕೊಂಡಿತು. ಅದು ನಿಲ್ಲುವತನಕ ಅಪ್ಪ ಕಣ್ಣು ಮುಚ್ಚಿಕೊಂಡು ಕೇಳಿದರು.

ತೊಳೆಯುವವರು ಮೋಹನದಾಸ್ ಎಂದು, ಕುಂದಾಪುರದ ಕಡೆಯವರು. ಅಣ್ಣನ ಹೋಟೆಲಿನ ಮೇಲೆ ಒಂದು ಕತ್ತಲೆ ಕೋಣೆ ಇಟ್ಟುಕೊಂಡಿದ್ದಾರೆ. ಇಷ್ಟು ಹಳೆಯದರಲ್ಲಿ ಏನೂ ಬರದೆಯೂ ಇರಬಹುದು ಎಂದು ಮೊದಲೇ ಹೇಳಿ ಹತ್ತು ದಿನದ ಮೇಲೆ ಕರೆದರು. ಇಪ್ಪತ್ತೊಂಬತ್ತರಲ್ಲಿ ಹನ್ನೊಂದು ಬಂದಿದ್ದವು, ಉಳಿದದ್ದೆಲ್ಲ ಕೆಂಪು ಮಂಜು. ಕಡೆಯದು ಬಂದಿತ್ತು. ಅಂಚಿನಲ್ಲಿ, ಅವ್ವನ ಬಲಕ್ಕೆ, ಆ ಮಣೆ ಪೂರ್ತಿ ಬಂದಿದೆ. ನಾನು ಇದನ್ನು ಬಿಟ್ಟು ತೆಗೆದಿದ್ದೆನಲ್ಲ ಎಂದೆ. ಅವರು ನಕ್ಕು, "ಈ ಸಣ್ಣ ಕ್ಯಾಮೆರಾದ ಕಿಂಡಿಯನ್ನು ನಂಬ್ಲಿಕ್ಕಾಗುದಿಲ್ಲ ಅಕ್ಕ. ಅದು ನಮಗೆ ಕಡಿಮೆ ತೋರಿಸ್ತದೆ. ಫಿಲ್ಮು ಜಾಸ್ತಿ ನೋಡ್ತದೆ" ಅಂದರು. ಹೋಟೆಲಿನ ಮೆಟ್ಟಿಲ ಮೇಲೆ ಕೂತು ಅತ್ತುಬಿಟ್ಟೆ, ಮಾಂತು. ಬಂದು ಹೋಗುವವರು ದಾಟಿಕೊಂಡು ಹೋದರು.

ಅಪ್ಪ ಭೂತಗನ್ನಡಿ ಹಿಡಿದು ಫೋಟೊ ನೋಡಿದರು. ಅವ್ವನನ್ನು ಬಹಳ ಹೊತ್ತು ನೋಡಿದರು. ಆಮೇಲೆ ಬೆರಳನ್ನು ಆ ಮಣೆಯ ಮೇಲೆ ಇಟ್ಟು ಹಾಗೇ ಕೂತುಬಿಟ್ಟರು. ಈಗ ನೀತಾ ಕ್ಯಾಮೆರಾಕ್ಕೆ ಹೊಸ ರೋಲು ಹಾಕಿದ್ದಾಳೆ. ಅದನ್ನು ಅಪ್ಪ ತಲೆದಿಂಬಿನ ಪಕ್ಕ ಇಟ್ಟುಕೊಂಡು ಯಾರಿಗೂ ಮುಟ್ಟಗೊಡುತ್ತಿಲ್ಲ. ಯಾರ ಫೋಟೊ ತೆಗೆಯಬೇಕೆಂದು ಕೇಳಿದರೆ ಗೋಡೆ ಕಡೆ ಹೊರಳುತ್ತಾರೆ. ನಿನ್ನ ಹೆಸರು ಬಾಯಿಗೆ ಬಂದು ನಿಂತಿದೆ, ಹೊರಗೆ ಬರುತ್ತಿಲ್ಲ. ನೀನು ಯಾರ ಮಗನೆಂದು ಬೇರೆ ಹೇಳಬೇಕೇ?

ಬಾ. ರಜೆ ಸಿಗದಿದ್ದರೆ ಸಿಕ್ ಲೀವ್ ಹಾಕಿ ಬಾ. ಶೈಲಶ್ರೀಯನ್ನೂ ಕರೆದುಕೊಂಡು ಬಾ, ಅವಳಿಗೆ ನನ್ನ ಪ್ರೀತಿ ಹೇಳು. ನೀತಾ ಮಾಮಾಗೆ ನಮಸ್ಕಾರ ಹೇಳಿದ್ದಾಳೆ. ನಿನ್ನ ಸೊಂಟ ಗಟ್ಟಿಯಾಗಿರಲಿ, ಬಾಳು ತಣ್ಣಗಿರಲಿ.

ಇಂತಿ ನಿನ್ನ ಅಕ್ಕ,
ಶಿವಕಾಂತಾ

ತಾ.ಕ.: ಲಕೋಟೆ ಅಂಟಿಸಿದ್ದೆ, ಮತ್ತೆ ಹರಿದೆ. ಇದನ್ನು ಬರೆಯದಿದ್ದರೆ ಮೇಲೆ ಬರೆದದ್ದಕ್ಕೆ ಅರ್ಥವಿಲ್ಲ. ಆ ದಿನ ಎಸ್‌ಟಿಡಿ ಬೂತಿನಿಂದ ನಿನಗೆ ಸುದ್ದಿ ಹೇಳಿದವಳು ನಾನು. ನೀನು ಅಳುತ್ತ, "ಅಕ್ಕಾ, ವಿಮಾನ ಹಿಡದ ಬರತೀನಿ, ಅವ್ವನ್ನ ನಾಳಿ ಸಂಜೀತನಾ ಇಡ್ರಿ, ಅಪ್ಪಗ ಹೇಳು" ಅಂದಿದ್ದೆ. ನಾನು ಮನೆಗೆ ಬಂದು ಅಪ್ಪನಿಗೆ, "ನನ್ನ ದಾರಿ ನೋಡಬ್ಯಾಡ್ರಿ, ಮುಗಸ್ರಿ ಅಂದಾನ" ಎಂದು ಹೇಳಿದೆ. ಎಂಟು ತಿಂಗಳು ಅವ್ವನ ಹೇಲು ಉಚ್ಚೆ ಬಳಿದವಳು ನಾನು, ಅವಳು ಕಡೆಯತನಕ ಕರೆದದ್ದು ನಿನ್ನನ್ನು. ನನಗೆ ಹೊಟ್ಟೆಕಿಚ್ಚಿತ್ತು, ದಣಿವಿತ್ತು, ಮುಗಿದರೆ ಸಾಕಾಗಿತ್ತು. ಮಾತು ಆಡಿದರೆ ಹೋಯಿತು, ಮುತ್ತು ಒಡೆದರೆ ಹೋಯಿತು. ನೀನು ಬಾಗಿಲಲ್ಲಿ ನಿಂತು ಕೇಳಿದಾಗಲೂ ಬಾಯಿ ಬಿಡಲಿಲ್ಲ. ಕಾಯಬೇಡ ಎಂದ ಮಗನಿಗಾಗಿ ಅಪ್ಪ ಮಣೆ ಇಟ್ಟಿದ್ದರು, ಮಾಂತು. ನನ್ನನ್ನು ಕ್ಷಮಿಸುವುದು ಬಿಡುವುದು ಆಮೇಲಿನ ಮಾತು. ಇವತ್ತು ಮುಂಜಾನೆ ಅಪ್ಪನಿಗೆ ಎಲ್ಲ ಹೇಳಿದೆ. ಬೈಯಲಿಲ್ಲ. "ಬರತೀನಿ, ಇಡ್ರಿ ಅಂದಿದ್ದನೇನ ಅಂವಾ?" ಎಂದು ಕೇಳಿದರು. ಹೌದು ಅಂದೆ. ಸ್ವಲ್ಪ ಹೊತ್ತಿಗೆ ಮತ್ತೆ ಅದನ್ನೇ ಕೇಳಿದರು. ಮತ್ತೆ ಹೌದು ಅಂದೆ. ಮೂರನೆಯ ಸಲ ಕೇಳಿದಾಗ ನೀನೇ ಬಂದು ಹೇಳಬೇಕು.