ಎರಡು ವರ್ಷ ದೊಡ್ಡವಳಾದ ತಂಗಿ

ಜೂನ್ 3, ಬೆಳಗ್ಗೆ
ಬಿಪಿ ಮಾತ್ರೆ ಆಯ್ತು. ವಾಕಿಂಗ್ ಆಯ್ತು — ವಾಕಿಂಗಿಗಿಂತ ಟಾಕಿಂಗೇ ಜಾಸ್ತಿ. ಎದುರುಮನೆ ರಿಟೈರ್ಡ್ ಡ್ರೈವರ್ ಚಪ್ಪಲಿ ಎತ್ತಿ ಅವನ ಸ್ಕೂಟರ್ ಡಿಕ್ಕಿಯೊಳಗಿಟ್ಟು ಬಂದೆ. ಇನ್ನೂ ಹುಡುಕ್ತಿದಾನೆ.

ತಂಗಿ ಬಂದಿದ್ಲು. ಲೈಬ್ರರಿಯಲ್ಲಿ ಹರಿದ ಪುಸ್ತಕ ಹೊಲಿಯೋ ಕೆಲಸ ಅವಳದು. ಬೆರಳಲ್ಲಿ ಗೋಂದು ಹಾಗೇ ಇತ್ತು. ಸೆಪ್ಟೆಂಬರ್‌ಗೆ ಅರವತ್ತು, ಮನೆಗೆ ನಡೀರಿ ಅಂದಿದಾರಂತೆ.

"ನಿಜಕ್ಕೂ ನಂಗೆ ಐವತ್ತೆಂಟು ಅಣ್ಣಾ. ಸ್ಕೂಲ್ ರಿಜಿಸ್ಟರಲ್ಲಿ ಮಾಸ್ತರು ಎರಡು ವರ್ಷ ಜಾಸ್ತಿ ಬರೆದ್ಬಿಟ್ಟಿದಾರೆ. ತಿದ್ದಿಸಿದ್ರೆ ಇನ್ನೆರಡು ವರ್ಷ ಕೆಲಸ ಉಳಿಯತ್ತೆ. ಸೇರಿಸೋಕೆ ಕರ್ಕೊಂಡು ಹೋದೋನು ನೀನೇ ಅಲ್ವಾ, ಅಫಿಡವಿಟ್ ಕೊಡು."

"ಮಂಕಿ, ವಯಸ್ಸು ಇಳಿಸೋಕೆ ಬ್ಯೂಟಿ ಪಾರ್ಲರ್ ಸಾಕಲ್ವೇನೇ?"

ಮಂಕಿ — ಮಂಕು ಅಂತ ನಾನೇ ಇಟ್ಟ ಹೆಸರು. ಒಂದನೇ ಕ್ಲಾಸಲ್ಲೇ ಎರಡು ಸಲ ಫೇಲ್. ನಕ್ಳು. ಯಾವಾಗ್ಲೂ ನಗ್ತಾಳೆ.

ಇವತ್ತು ತಿಂಡಿ ಸೇರಲಿಲ್ಲ.

ಜೂನ್ 5
ಸ್ಕೂಲಿಗೆ ಹೋಗಿದ್ದೆ, ಒಬ್ಬನೇ. ಕ್ಲರ್ಕ್ ಹೆಣ್ಣುಮಗಳು ಹಳೇ ರಿಜಿಸ್ಟರ್ ಇಳಿಸಿದ್ಲು. ಧೂಳಿಗೆ ಇಬ್ರೂ ಸೀನಿದ್ವಿ. ತಂಗಿ ಹೆಸರಿನ ಸಾಲು ಸಿಕ್ತು.

"ಮಾಸ್ತರ ಅಕ್ಷರ ಎಷ್ಟು ಚೆಂದ ನೋಡಿ ಯಜಮಾನ್ರೇ."

ಹೌದು ಅಂದೆ. ಅಕ್ಷರ ನನ್ನದು. ಕೈಬರಹ ಚೆನ್ನಾಗಿದೆ ಅಂತ ಮಾಸ್ತರು ಪೆನ್ನು ನನ್ನ ಕೈಗೇ ಕೊಟ್ಟಿದ್ರು ಆವತ್ತು.

"ಬರೆಯುವಾಗ ಮಾಸ್ತರು ತಪ್ಪಿದ್ರೆ ತಿದ್ದೋಕೆ ರೂಲ್ಸಿದೆ. ಮನೆಯವರೇ ತಪ್ಪು ಹೇಳಿದ್ರೆ ಆಗಲ್ಲ. ಮಾಸ್ತರ ಮೇಲೆ ಹಾಕ್ಬಿಡಿ. ಅವ್ರೇನು ಎದ್ದು ಬರ್ತಾರಾ?"

ನಕ್ಕೆ. ಅಭ್ಯಾಸಬಲ.

ಜೂನ್ 14
ಒಂಬತ್ತು ದಿನ ಈ ಪುಸ್ತಕ ಮುಟ್ಟಲಿಲ್ಲ. ಬರೆದೇ ಬಿಡ್ತೀನಿ.

ನಂಗೆ ಹನ್ನೆರಡು, ಅವಳಿಗೆ ನಾಲ್ಕು. ಅಮ್ಮ ಕೆಲಸಕ್ಕೆ ಹೋದ್ರೆ ಮಗು ನೋಡ್ಕೊಳ್ಳೋ ಡ್ಯೂಟಿ ನಂದು. ಆಟ ಬಂದ್. ಅವಳು ಸ್ಕೂಲಿಗೆ ಸೇರಿದ್ರೆ ನಾನು ಪಾರು. ಆಗೆಲ್ಲ ಬಲಗೈ ತಲೆ ಮೇಲಿಂದ ಹಾಯಿಸಿ ಎಡಗಿವಿ ಮುಟ್ಟಿದ್ರೆ ಆರು ವರ್ಷ ಅಂತ ಲೆಕ್ಕ. ವಾರವಿಡೀ ಟ್ರೈನಿಂಗ್ ಕೊಟ್ಟೆ — ಕತ್ತು ವಾಲಿಸು, ಭುಜ ಎತ್ತು... ಮುಟ್ಟೇಬಿಟ್ಲು. ಅವಳನ್ನ ಅಮ್ಮ ಹುಟ್ಟಿಸಿದ್ಲು, ತಾರೀಕನ್ನ ನಾನು ಹುಟ್ಟಿಸಿದೆ.

ಅಮ್ಮನಿಗೆ ಹೇಳಿದ್ದು ಮಾಸ್ತರ ತಪ್ಪು ಅಂತ. ಎಷ್ಟು ಮದುವೆ ಮನೇಲಿ ಇದೇ ಕತೆ ಹೇಳಿ ನಗಿಸಿದೀನಿ, ಮಾಸ್ತರನ್ನ ಕೋಡಂಗಿ ಮಾಡಿ.

ಹಾಲುಹಲ್ಲಿನ ಮಗು ಆರು ವರ್ಷದವರ ಜೊತೆ ಕೂತು ಫೇಲ್ ಆಯ್ತು. ದಡ್ಡಿ ಅಂತ ರೇಗಿಸಿದೋನೂ ನಾನೇ. ಥೂ.

ಜೂನ್ 15, ಸಂಜೆ
ತಂಗಿ ಸ್ಟಾಂಪ್ ಪೇಪರ್ ತಂದಿದ್ಲು.

"ಮಾಸ್ತರ ಹೆಸರು ಕೆಡಿಸೋಕೆ ಬೇಜಾರು ಅಣ್ಣಾ. ಎರಡನೇ ಸಲ ಫೇಲಾದಾಗ ಪಕ್ಕ ಕೂರಿಸ್ಕೊಂಡು, ನಿಂಗಿನ್ನೂ ಸ್ವಲ್ಪ ಟೈಮ್ ಬೇಕು ಮಗಾ, ಅಷ್ಟೇ, ಅಂದಿದ್ರು. ಹಾಗಂದಿದ್ದು ಅವರೊಬ್ರೇ."

ಹೇಳಿಬಿಟ್ಟೆ. ಎಲ್ಲಾ. ಒಂದು ಜೋಕೂ ಇಲ್ಲದೆ.

ಬೆರಳಿನ ಗೋಂದು ಕೆರೆದ್ಲು. ಆಮೇಲೆ —

"ಹಾಗಾದ್ರೆ ನಾನು ದಡ್ಡಿ ಅಲ್ವಾ?"

"ಅಲ್ಲ ಕಣೇ."

"ನಿಂಗೆ ಗೊತ್ತಿತ್ತು."

"ಗೊತ್ತಿತ್ತು."

ಬೈತಾಳೆ ಅಂತ ಕಾದೆ. ಬೈಲಿಲ್ಲ. ಬೈದಿದ್ರೆ ಚೆನ್ನಾಗಿತ್ತು. ಪೇಪರ್ ನನ್ನ ಕಡೆ ತಳ್ಳಿದ್ಲು.

"ಇದ್ದಿದ್ದು ಇದ್ದ ಹಾಗೆ ಬರಿ."

"ಕೆಲಸ ಹೋಗತ್ತೆ."

"ಹೋಗ್ಲಿ. ನಾನು ಅದನ್ನ ಓದ್ಬೇಕು."

ಜೂನ್ 16
ಹತ್ತಕ್ಕೆ ನೋಟರಿ. ಮೊದಲು ಇಲ್ಲೇ ಬರೆದು ನೋಡ್ತೀನಿ, ಪೇಪರ್ ಹಾಳಾಗೋದು ಬೇಡ.

ಇವಳ ಅಣ್ಣನಾದ ನಾನು ಪ್ರಮಾಣ ಮಾಡಿ ಹೇಳೋದು — ತಪ್ಪು ಮಾಸ್ತರದ್ದಲ್ಲ, ನನ್ನದು. ನನ್ನ ತಂಗಿ ಓದಿನಲ್ಲಿ ಹಿಂದೆ ಬಿದ್ದವಳಲ್ಲ. ಸ್ಕೂಲಿಗೆ ಸೇರಿಸಿದಾಗ ಅವಳಿಗೆ ನಾಲ್ಕೇ ವರ್ಷ. ಆವತ್ತು ನನ್ನ ಕಿರುಬೆರಳು ಹಿಡ್ಕೊಂಡು, ದಾರಿಯುದ್ದಕ್ಕೂ ಕುಣ್ಕೊಂಡು ಬಂದ್ಲು, ಅಣ್ಣ ಹೇಳಿದ್ದೆಲ್ಲಾ ನಿಜ ಅಂತ ನಂಬ್ಕೊಂಡು.