ಮಬ್ಬಾಗದ ಗಾಳಿಹರಳು

ಗುರುವಾರ, ಬೆಳಿಗ್ಗೆ
ಸಾಣೆಮನೆಯಿಂದ

ನನ್ನ ಚೂಟಿಗೆ,

ಮುತ್ತು, ಆಶೀರ್ವಾದ ಎಲ್ಲ ಆಮೇಲೆ. ಮೊದಲು ಕೊರಳಲ್ಲಿರುವ ಗಾಳಿಹರಳನ್ನು ಬಿಚ್ಚಿ ಜೇಬಿಗೆ ಹಾಕಿಕೊ. ಅದನ್ನು ನಂಬಿ ಇವತ್ತು ಗಣಿಗೆ ಇಳಿಯಬೇಡ. ಏಳನೆಯ ಅಂತಸ್ತಿಗಂತೂ ಬೇಡವೇ ಬೇಡ. ಅದರಲ್ಲಿ ಕೂದಲೆಳೆಯಷ್ಟು ಬಿರುಕಿದೆ. ಕೆಟ್ಟ ಗಾಳಿ ಬಂದಾಗ ಮಬ್ಬಾಗಿ ಎಚ್ಚರಿಸಬೇಕಾದದ್ದು, ಮಬ್ಬಾಗುವುದೇ ಇಲ್ಲ.

ನೀನು ನಗುತ್ತೀಯ, ಗೊತ್ತು. ವರ್ಷವಿಡೀ ಅಗೆದರೆ ಒಂದು ಬೊಗಸೆ ಸಿಗುವ ಹರಳು, ಆರು ಜನರ ಗುಂಪಿಗೆ ಒಂದೇ ಒಂದು. ನಿನ್ನದೇ ಎಲ್ಲಕ್ಕಿಂತ ಹೆಚ್ಚು ಹೊಳೆಯುತ್ತದೆಂದು ನಿನ್ನ ಗುಂಪನ್ನೇ ಏಳನೆಯ ಅಂತಸ್ತಿಗೆ ಆರಿಸಿದರು ಎಂದು ಭಾನುವಾರ ಎಷ್ಟು ಜಂಬದಿಂದ ಹೇಳಿದೆ! ನಾನು ಭೇಷ್ ಎಂದೆ. ಆಮೇಲೆ ಹಿತ್ತಲಿಗೆ ಹೋಗಿ ತಿಕ್ಕಿದ ಪಾತ್ರೆಗಳನ್ನೇ ಮತ್ತೆ ತಿಕ್ಕಿದೆ.

ಬಿರುಕಿನ ಮಾತು ಸುಳ್ಳು. ಮೇಲಿನಷ್ಟೇ ಬರೆದು ಕಾಗದ ಮಡಿಸಿದ್ದೆ, ಮತ್ತೆ ಬಿಡಿಸಿದ್ದೇನೆ. ಬಿರುಕು ಎಂದರೆ ನೀನು ಮಸೂರ ಹಿಡಿದು ಹುಡುಕುವವಳು. ಕಾಣದಿದ್ದರೆ ಅಮ್ಮನಿಗೆ ಅರುಳು ಮರುಳು ಎಂದುಕೊಂಡು ಇಳಿದೇಬಿಡುತ್ತೀಯ. ಅದಕ್ಕೇ ನಿಜ ಬರೆಯುತ್ತೇನೆ, ಬೇಗ ಬೇಗ ಬರೆಯುತ್ತೇನೆ.

ಹರಳು ಯಾರ ಕೊರಳಿಗೆ ಹೋಗುತ್ತದೆಂದು ಸಾಣೆ ಹಿಡಿಯುವವರಿಗೆ ತಿಳಿಯಕೂಡದು ಎಂಬ ಕಟ್ಟಳೆ ನಮ್ಮದು. ಯಾಕಮ್ಮಾ ಎಂದು ನೀನು ಚಿಕ್ಕವಳಿದ್ದಾಗ ಕೇಳಿದ್ದಕ್ಕೆ, ಗೊತ್ತಾದ್ರೆ ಬೇಕಾದವ್ರಿಗೆ ಒಳ್ಳೇದು ಕೊಟ್ಬಿಡ್ತಾರೆ ಕಣೇ ಅಂದಿದ್ದೆ. ಅದು ಹೊರಗಿನವರಿಗೆ ಹೇಳುವ ಕಾರಣ. ಕೊನೆಯ ಸಾಣೆಯನ್ನು ನಾವು ಚಕ್ರದ ಮೇಲೆ ಹಿಡಿಯುವುದಿಲ್ಲ. ಬಾಯಿಯ ಹಬೆ ಊದಿ ಊದಿ ಹೆಬ್ಬೆರಳಿನಿಂದ ಉಜ್ಜುತ್ತೇವೆ. ಆ ಹೊತ್ತು ಮನಸ್ಸಿನಲ್ಲಿ ಏನಿದೆಯೋ ಅದನ್ನು ಹರಳು ಕುಡಿಯುತ್ತದೆ. ಗುರುತಿಲ್ಲದವರಿಗಾಗಿ ಉಜ್ಜುವಾಗ ಏನಿರುತ್ತದೆ? ಸೊಂಟನೋವು, ಸಂಜೆಯ ಅಡುಗೆ. ಅಂಥ ಹರಳು ಇದ್ದದ್ದನ್ನು ಇದ್ದ ಹಾಗೆ ಹೇಳುತ್ತದೆ. ನಿನಗಾಗಿ ಉಜ್ಜುವಾಗ ನನ್ನ ತಲೆಯಲ್ಲಿದ್ದದ್ದು ಒಂದೇ: ನನ್ನ ಮಗುವಿಗೆ ಏನೂ ಆಗುವುದಿಲ್ಲ, ಏನೂ ಆಗುವುದಿಲ್ಲ. ಅದು ಅದನ್ನೇ ಕಲಿತುಕೊಂಡಿದೆ. ಉಸಿರು ಕಟ್ಟಿಸುವ ಗಾಳಿಯಲ್ಲೂ ಏನೂ ಆಗಿಲ್ಲವೆಂದೇ ಬೆಳಗುತ್ತದೆ.

ಹಂಚುವ ಮೊದಲು ಕದ್ದು ನಿನ್ನ ಹೆಸರಿನ ಡಬ್ಬಿ ತೆರೆದು ನೋಡಿದೆ. ನಿನಗೆ ಬಂದಿದ್ದದ್ದು ಸಣ್ಣದು, ಕೊಳಕು ಬಣ್ಣದ್ದು. ಸಾಣೆಮನೆಯ ಮೂಲೆಯಲ್ಲಿ ಕೂರುವ, ಸದಾ ಕುಡಿದಿರುವವನು ಉಜ್ಜಿದ್ದೆಂದು ನೋಡಿದ ಕೂಡಲೇ ತಿಳಿಯಿತು. ಮನಸ್ಸು ತಡೆಯಲಿಲ್ಲ. ಅದನ್ನು ಎತ್ತಿಕೊಂಡು ನಿನ್ನ ಡಬ್ಬಿಯಲ್ಲಿ ನನ್ನದನ್ನು ಇಟ್ಟೆ. ಹೆತ್ತವರಿಗೆ ಹೆಗ್ಗಣ ಮುದ್ದು ಎನ್ನುತ್ತಾರೆ. ನನಗೆ ನಾನು ಉಜ್ಜಿದ ಕಲ್ಲೂ ಮುದ್ದಾಯಿತು.

ನಿನ್ನ ಹರಳು ಬಂದ ಕಲ್ಲಿನದೇ ಇನ್ನೊಂದು ಚೂರನ್ನು ಅದೇ ದಿನ, ನಿನ್ನನ್ನೇ ನೆನೆಯುತ್ತ ಉಜ್ಜಿದ್ದೆ. ನಿನ್ನೆ ಅದನ್ನು ಗಣಿಯ ಕೆಟ್ಟ ಗಾಳಿ ತುಂಬಿದ ಜಾಡಿಗೆ ಇಳಿಸಿದೆ. ಪಕ್ಕದಲ್ಲಿದ್ದ ನಾಲ್ಕು ಹರಳು ಹತ್ತು ಎಣಿಸುವುದರೊಳಗೆ ಇದ್ದಿಲಿನಂತಾದವು. ಇನ್ನೂರು ಎಣಿಸಿದರೂ ನನ್ನದು ಬೆಳಗುತ್ತಲೇ ಇತ್ತು. ನಿನಗೆ ಕೊಡುವ ಮೊದಲೇ ಯಾಕೆ ಪರೀಕ್ಷಿಸಲಿಲ್ಲ ಎಂದು ಕೇಳುತ್ತೀಯ. ಉತ್ತರ ಗೊತ್ತಿತ್ತು, ಅದಕ್ಕೆ.

ನಿನ್ನಪ್ಪ ಹೋದಾಗ ನೀನು ಇನ್ನೂ ತೊಟ್ಟಿಲಲ್ಲಿದ್ದೆ. ಹರಳು ನೋಡ್ಕೊಳ್ದೆ ಸತ್ತ, ಜೊತೆಗೆ ಇನ್ನಿಬ್ರನ್ನೂ ಕರ್ಕೊಂಡು ಹೋದ ಎಂದು ಊರೆಲ್ಲ ಆಡಿಕೊಂಡಿತು. ಆ ಮಾತಿಗೆ ನೀನು ಶಾಲೆಯಲ್ಲಿ ಹೊಡೆದಾಡಿ ತುಟಿ ಒಡೆದುಕೊಂಡು ಬಂದೆ. ನಾನು ರಕ್ತ ಒರೆಸಿದೆ, ಬಾಯಿ ಬಿಡಲಿಲ್ಲ. ನಿನ್ನಪ್ಪ ಹರಳನ್ನು ನೋಡಿಕೊಂಡಿದ್ದರು, ಮಗಳೇ. ಕೊನೆಯವರೆಗೂ ನೋಡುತ್ತಲೇ ಇದ್ದಿರಬೇಕು. ಮೇಲೆ ತಂದಾಗ ಅವರ ಮುಷ್ಟಿಯಲ್ಲಿ ಹರಳು ಬೆಳಗುತ್ತಿತ್ತು. ಮದುವೆಯ ಹೊಸದರಲ್ಲಿ ಅದನ್ನು ಉಜ್ಜಿ ಕದ್ದು ಕೊಟ್ಟವಳು ನಾನು. ನಮ್ಮ ಸಾಣೆಮನೆಯ ದೊಡ್ಡ ಮೇಸ್ತ್ರಿ ಬೆರಳು ಬಿಡಿಸಿ ಅದನ್ನು ನನ್ನ ಕೈಗಿಟ್ಟರು. ಸುಮ್ನಿರಮ್ಮಾ, ಮಗು ಸಾಕ್ಬೇಕಲ್ಲ ಅಂದರು.

ಸುಮ್ಮನಾದೆ. ಆಮೇಲೆ ಊರಿನ ಮಾತನ್ನೇ ನಂಬಲು ಶುರು ಮಾಡಿದೆ. ನನ್ನ ಕೈ ತಪ್ಪಲ್ಲ, ಅವರೇ ಮೈಮರೆತರು ಎಂದು ದಿನಾ ಹೇಳಿಕೊಂಡರೆ ಅದೂ ನಿಜವಾಗುತ್ತದೆ. ಹಾಗೆ ನಂಬಿದ್ದರಿಂದಲೇ ನಿನಗೂ ಅದನ್ನೇ ಮಾಡಲು ಕೈ ಬಂತು. ನನ್ನ ಮೇಲೆ ನನಗೇ ಹೇಸಿಗೆಯಾಗುತ್ತಿದೆ. ಇಷ್ಟು ವರ್ಷ ನೀನು ಅಪ್ಪನ ಹೆಸರಿಗೆ ತಲೆತಗ್ಗಿಸಿದ್ದು ಸಾಕು, ತಗ್ಗಿಸಬೇಕಾದವಳು ನಾನು.

ಇಂತಿ,
ಕ್ಷಮಿಸು ಎಂದು ಕೇಳುವ ಮುಖವಿಲ್ಲದ
ನಿನ್ನ ಅಮ್ಮ

ಮತ್ತೆ:

ಇದನ್ನು ಗಣಿಯ ಬಾಗಿಲ ಪಕ್ಕದ ಕೋಣೆಯಲ್ಲಿ ಕುಳಿತು ಸೇರಿಸುತ್ತಿದ್ದೇನೆ. ಮೇಲ್ವಿಚಾರಕರಿಗೆ ಎಲ್ಲ ಹೇಳಿದೆ, ಅಪ್ಪನ ಹರಳನ್ನೂ ಮೇಜಿನ ಮೇಲಿಟ್ಟೆ. ಗಂಡನ ಹೆಸರು ಉಳ್ಸೋಕೆ ಕಥೆ ಕಟ್ತಿದೀಯಾ ಎಂದು ನಕ್ಕರು. ಬುಟ್ಟಿ ಇಳಿಸೋದನ್ನ ನಿಲ್ಸೋಕೆ ಗುಂಪಿನ ಮುಂದಾಳು ಕೈ ಎತ್ತಬೇಕು, ನಿನ್ ಮಾತಿಗೆಲ್ಲ ನಿಲ್ಲಲ್ಲ ಅಂದರು. ಮುಂದಾಳು ನೀನೇ ಅಲ್ಲವೇ? ಕಾಗದ ತಲುಪಿಸಲು ಮಾತ್ರ ಒಪ್ಪಿದ್ದಾರೆ. ನನ್ನನ್ನು ಒಳಗೆ ಕೂರಿಸಿ ಚಿಲಕ ಹಾಕಿದ್ದಾರೆ. ಕಿಟಕಿಯಿಂದ ನಿಮ್ಮ ಆರು ಜನರ ಬೆನ್ನು ಕಾಣುತ್ತಿದೆ, ಒಬ್ಬ ಆಗಲೇ ಬುಟ್ಟಿಯೊಳಗೆ ಕಾಲಿಟ್ಟಿದ್ದಾನೆ. ಕೈ ಎತ್ತು ಚೂಟಿ. ಇನ್ನು ಮೇಲೆ ನನ್ನನ್ನು ಅಮ್ಮ ಎನ್ನಬೇಡ, ಬಾಯಿಗೆ ಬಂದಂತೆ ಬೈಯಿ. ಬೈಯುವುದಕ್ಕಾದರೂ ಮೇಲೆ ಇರು.